ಮುಟ್ಟಿತು ಎನ್ನದವನ ಸೇತುವೆ

ಹೊಳೆಯ ಎರಡು ದಡಕ್ಕೂ ಹರಡಿಕೊಂಡ ಊರು ಅದು. ಈಚೆ ದಡದಲ್ಲಿ ಮನೆಗಳು, ಸಂತೆಮಾಳ, ಪುರಸಭೆ. ಆಚೆ ದಡದಲ್ಲಿ ದೇವಸ್ಥಾನ ಮತ್ತು ನ್ಯಾಯಸ್ಥಾನ. ದೇವರನ್ನು ನೋಡಬೇಕಾದವರೂ ನ್ಯಾಯ ಕೇಳಬೇಕಾದವರೂ ಹೊಳೆ ದಾಟಲೇಬೇಕು. ಹಾಗೆ ಇಟ್ಟವರು ಯಾರೋ ಗೊತ್ತಿಲ್ಲ. ತಿಳಿದೇ ಇಟ್ಟಿರಬೇಕು ಎಂದು ನನ್ನ ನಂಬಿಕೆ.

ಆ ಊರಿಗೆ ಒಂದು ಕಟ್ಟಳೆ ಇತ್ತು. ಯಾರು ಏನನ್ನೇ ಮಾಡಿಕೊಡಲಿ, ಅದಕ್ಕೆ ಸಲ್ಲಬೇಕಾದದ್ದು ಸಲ್ಲುವವರೆಗೆ ಮಾಡಿದ್ದರ ಭಾರ ಮಾಡಿದವನ ಮೈಮೇಲೇ ಉಳಿಯುತ್ತಿತ್ತು. ಕುಂಬಾರನ ಗಡಿಗೆ ಸಾಲಕ್ಕೆ ಹೋದರೆ, ಕೊಂಡವಳು ಅದಕ್ಕೆ ನೀರು ತುಂಬಿದಾಗಲೆಲ್ಲ ಇತ್ತ ಕುಂಬಾರನ ಸೊಂಟ ಜಗ್ಗುತ್ತಿತ್ತು. ಕೊಡುವವರು ಕೊಟ್ಟು, ಪಡೆದವನು ಬಾಯಿ ತೆರೆದು 'ಮುಟ್ಟಿತು' ಎಂದಾಗ ಮಾತ್ರ ಭಾರ ಇಳಿಯುತ್ತಿತ್ತು. ಇಳಿದ ಭಾರವನ್ನು ಭೂಮಿತಾಯಿ ಹೊತ್ತುಕೊಳ್ಳುತ್ತಿದ್ದಳು. ಅವಳಿಗೆ ಅದೇನು ದೊಡ್ಡದಲ್ಲ.

ಹಾಗಾಗಿ ಆ ಊರಿನಲ್ಲಿ ಒಬ್ಬರು ಇನ್ನೊಬ್ಬರಿಗೆ ಕೊಡುವುದರಲ್ಲಿ ತಡ ಮಾಡುತ್ತಿರಲಿಲ್ಲ. ಬಗ್ಗಿದ ಸೊಂಟ ಕಣ್ಣೆದುರೇ ಕಾಣುತ್ತಿತ್ತಲ್ಲ. ತಡವಾಗುತ್ತಿದ್ದದ್ದು ಎಲ್ಲರೂ ಸೇರಿ ಒಬ್ಬನಿಗೆ ಕೊಡಬೇಕಾದಾಗ. ಆಗ ಪ್ರತಿಯೊಬ್ಬರೂ ಪಕ್ಕದವರ ಮುಖ ನೋಡುತ್ತಿದ್ದರು. ಹಾಗೆ ಪಕ್ಕದವರ ಮುಖ ನೋಡುವುದಕ್ಕೆಂದೇ ಕಟ್ಟಿದ ಮನೆಗೆ ಪುರಸಭೆ ಎಂದು ಹೆಸರಾಗಿತ್ತು.

ಇನ್ನೊಂದು ಮಾತೂ ಇದೆ. ಸುಳ್ಳಾಗಿ 'ಮುಟ್ಟಿತು' ಎಂದರೂ ಭಾರ ಇಳಿಯುತ್ತಿತ್ತು. ಆದರೆ ಅದು ಭೂಮಿಗೆ ಇಳಿಯುತ್ತಿರಲಿಲ್ಲ. ಹಿಂದೊಮ್ಮೆ ಬಾವಿ ತೋಡಿಸಿದವನೊಬ್ಬ ನೋವು ತಾಳಲಾರದೆ ಬರಿಗೈಯಲ್ಲೇ 'ಮುಟ್ಟಿತು' ಎಂದುಬಿಟ್ಟ. ಅವನ ಬೆನ್ನು ನೆಟ್ಟಗಾಯಿತು. ಅದೇ ಗಳಿಗೆಗೆ ಅವನ ಕೈಕೆಳಗೆ ಮಣ್ಣು ಹೊತ್ತಿದ್ದ ಇಬ್ಬರು, ತಮ್ಮ ತಮ್ಮ ಮನೆಯಲ್ಲಿ ಉಣ್ಣುತ್ತಾ ಕೂತಿದ್ದವರು, ಎಲೆಯ ಮೇಲೆ ಮುಖ ಕವುಚಿ ಬಿದ್ದರು. ಊರು ಇದನ್ನು ಮರೆತಿರಲಿಲ್ಲ.

ಇಂಥ ಊರಿನಲ್ಲಿ ಒಬ್ಬ ಗುತ್ತಿಗೆದಾರ ಸೇತುವೆ ಕಟ್ಟಿದ.

ಪುರಸಭೆ ಕರೆದು ಹೇಳಿತು, ಅವನು ಕಟ್ಟಿದ. ಐದು ಕಮಾನು, ಎಂದರೆ ಐದು ಕಣ್ಣಿನ ಕಲ್ಲುಸೇತುವೆ. ಕೆಲಸ ಹಿಡಿದ ದಿನ ಕಲ್ಲಿನವರು, ಮಣ್ಣಿನವರು, ಗಾರೆಯವರು, ನಲವತ್ತು ಜನರನ್ನೂ ಹೊಳೆಯ ಮರಳಿನಲ್ಲಿ ಕೂರಿಸಿ, "ನಿಮ್ಮ ಕೈಕೆಲಸದ ಭಾರ ನಿಮಗೆ ಬೇಡ. ಅದು ನನ್ನ ಹೆಗಲಿಗೆ ಇರಲಿ. ನನಗೆ ಮುಟ್ಟಿದ ದಿನ ನಿಮಗೆ ಮುಟ್ಟಿಸುತ್ತೇನೆ," ಎಂದ. ಹೊಳೆನೀರು ಮುಟ್ಟಿ ಹೇಳಿದ. ಗಾರೆಯವಳು ಒಬ್ಬಳಿದ್ದಳು, ಹಿಂದೆಮುಂದೆ ಯಾರೂ ಇಲ್ಲದವಳು. ಸುಣ್ಣಕ್ಕೆ ಬೆಲ್ಲದ ನೀರು ಬೆರೆಸಿ, ಕಲ್ಲಿನ ಗಾಣದಲ್ಲಿ ಮೂರು ಮಳೆಗಾಲ ಅರೆದಳು. ಅಷ್ಟು ಬೆಲ್ಲ ಕೈಯಲ್ಲಿ ಹಾದುಹೋದರೂ ಒಂದು ಚೂರು ಬಾಯಿಗೆ ಹಾಕಿಕೊಂಡವಳಲ್ಲ. "ಸೇತುವೆ ಬಾಯಿಂದ ಕಿತ್ಕೊಂಡು ತಿಂದ್ರೆ ಅದು ನಾಳೆ ನನ್ನ ಹೊಳೇಗೆ ಬೀಳ್ಸಲ್ವಾ?" ಅನ್ನುತ್ತಿದ್ದಳು.

ಕೆಲಸ ಮುಗಿಯಿತು. ಪುರಸಭೆಯ ಅಧ್ಯಕ್ಷರು ಬಂದು ತೆಂಗಿನಕಾಯಿ ಒಡೆದು ಮೊದಲ ಹೆಜ್ಜೆ ಇಟ್ಟರು. ದಡದಲ್ಲಿ ಕೈಮುಗಿದು ನಿಂತಿದ್ದ ಗುತ್ತಿಗೆದಾರನ ಬೆನ್ನು ಒಂದು ಗೇಣು ಬಗ್ಗಿತು. ಹಿಂದೆಯೇ ಊರು ನಡೆಯಿತು. ಸಂಜೆಯ ಹೊತ್ತಿಗೆ ಅವನ ಗದ್ದ ಎದೆಗೆ ತಾಗಿತ್ತು.

ಮರುದಿನ ಅವನು ಪುರಸಭೆಗೆ ಹೋದ. ಗುಮಾಸ್ತ ದೊಡ್ಡದೊಂದು ಪುಸ್ತಕ ತೆರೆದುಕೊಂಡು ಕೂತಿದ್ದ.

"ಬನ್ನಿ, ಬನ್ನಿ. ನಿಮ್ಮನ್ನೇ ಕಾಯ್ತಾ ಇದ್ದೆ. ಒಂದು ಸಲ 'ಮುಟ್ಟಿತು' ಅಂದ್ಬಿಡಿ, ಬರ್ಕೊತೀನಿ."

"ಏನೂ ಮುಟ್ಟಿಲ್ಲವಲ್ಲ ಸ್ವಾಮಿ."

"ಅದು ಆಮೇಲೆ. ಮೊದಲು ಮುಟ್ಟಿತು ಅನ್ನೋದು, ಆಮೇಲೆ ಮುಟ್ಟಿಸೋದು. ಪುಸ್ತಕದಲ್ಲಿ ಆ ಮಾತು ಇಲ್ಲದೆ ಪೆಟ್ಟಿಗೆ ಬಾಯಿ ತೆಗೆಯೋ ಹಾಗಿಲ್ಲ. ನಮ್ಮ ತಾತನ ಕಾಲದಿಂದ ಹೀಗೇ."

"ನಾನು ಅಂದ ಮೇಲೆ ನೀವು ಕೊಡದೇ ಹೋದರೆ?"

ಗುಮಾಸ್ತನಿಗೆ ನಿಜವಾಗಿಯೂ ಆಶ್ಚರ್ಯವಾಯಿತು. "ನೀವು ಮುಟ್ಟಿತು ಅಂದ ಮೇಲೆ ಕೊಡೋದಕ್ಕೆ ಏನಿರತ್ತೆ?"

ಅಷ್ಟರಲ್ಲಿ ಒಂದು ಎತ್ತಿನ ಗಾಡಿ ಸೇತುವೆ ಹತ್ತಿ ಇಳಿಯಿತು. ಗುತ್ತಿಗೆದಾರ ಹಲ್ಲು ಕಚ್ಚಿ, ಅದು ಇಳಿದ ಮೇಲೆ ಹೇಳಿದ: "ಆಗದ್ದನ್ನು ಆಯಿತು ಅನ್ನಲಾರೆ. ಈ ಬೆನ್ನಿನ ಹಿಂದೆ ಇನ್ನೂ ನಲವತ್ತು ಬೆನ್ನುಗಳಿವೆ."

ಹೀಗೆ ಅವನು ನ್ಯಾಯಸ್ಥಾನದ ಮೆಟ್ಟಿಲು ಹತ್ತಬೇಕಾಯಿತು.

ನ್ಯಾಯಸ್ಥಾನ ಆಚೆ ದಡದಲ್ಲಿತ್ತು ಎಂದೆನಲ್ಲ. ತನ್ನ ಬೆನ್ನ ಮೇಲಿರುವುದರ ಮೇಲೆ ತಾನೇ ನಡೆಯುವುದು ಯಾರಿಗೂ ಸಾಧ್ಯವಿಲ್ಲ. ಅವನೊಮ್ಮೆ ಪ್ರಯತ್ನಪಟ್ಟು ಮೊದಲ ಕಲ್ಲಿನ ಮೇಲೇ ಮಂಡಿಯೂರಿದ. ಆದ್ದರಿಂದ ಸೇತುವೆ ಕಟ್ಟಿದವನು ಹೊಳೆ ದಾಟಲು ಅಂಬಿಗನ ಹರಿಗೋಲನ್ನೇ ಹತ್ತಬೇಕಾಯಿತು. ಸೇತುವೆ ಬಂದ ಮೇಲೆ ಆ ಅಂಬಿಗನಿಗೆ ಉಳಿದಿದ್ದ ಗಿರಾಕಿಯೂ ಅವನೊಬ್ಬನೇ.

"ಹತ್ತು ದೊರೆ, ಹತ್ತು," ಅನ್ನುತ್ತಿದ್ದ ಅಂಬಿಗ. "ನನ್ನ ಹೊಟ್ಟೆ ಮೇಲೆ ಕಲ್ಲು ಹಾಕ್ದೋನು ನೀನು. ಅದೇ ಕಲ್ಲು ನಿನ್ನ ಬೆನ್ನ ಮೇಲೆ ಬಂದ್ ಕೂತ್ಕೊಂತು ನೋಡು. ನಡುವಲ್ಲಿ ಕೂತ್ಕೊ, ನಡುವಲ್ಲಿ! ನಿನ್ನೊಬ್ಬನ್ನ ಕೂರಿಸಿದ್ರೆ ಹರಿಗೋಲು ಹತ್ತು ಜನ ಕೂತಂಗೆ ಮುಳುಗ್ತದೆ."

"ಹತ್ತು ಜನರ ಕೂಲಿ ತಗೋ ಹಾಗಾದರೆ."

"ನಿನ್ನತ್ರ ಎಲ್ಲೈತೆ? ಒಂದು ಜನದ್ದು ಕೊಡು ಸಾಕು." ಕೂಲಿ ಕೈಗೆ ಬಿದ್ದ ಕೂಡಲೇ ಅಂಬಿಗ ತಪ್ಪದೆ "ಮುಟ್ತು" ಅನ್ನುತ್ತಿದ್ದ. ಆ ಮಾತು ಕಿವಿಗೆ ಬಿದ್ದಾಗ ಗುತ್ತಿಗೆದಾರನ ಮುಖ ತಿಳಿಯಾಗುತ್ತಿದ್ದುದನ್ನು ಅಂಬಿಗ ನೋಡಿದ್ದ. ಅದಕ್ಕೇ ಕೆಲವು ಸಲ ಎರಡೆರಡು ಸಲ ಅನ್ನುತ್ತಿದ್ದ.

ಪ್ರತಿ ಹುಣ್ಣಿಮೆಯ ಮರುದಿನ ವಾಯಿದೆ. ಹರಿಗೋಲು ಮೂರನೇ ಕಣ್ಣಿನ ಕೆಳಗೆ ಬರುವ ಹೊತ್ತಿಗೆ ಸರಿಯಾಗಿ ಮೇಲೆ ಅಧ್ಯಕ್ಷರೂ ಗುಮಾಸ್ತನೂ ಪುಸ್ತಕ ಹಿಡಿದುಕೊಂಡು ನ್ಯಾಯಸ್ಥಾನಕ್ಕೆ ನಡೆಯುತ್ತಿದ್ದರು. ಸೇತುವೆ ಹೊತ್ತವನ ವಿರುದ್ಧ ಮಾತಾಡಲು ಅವನ ಬೆನ್ನ ಮೇಲೆಯೇ ಹೋಗುತ್ತಿದ್ದರು. ಅವನಿಗೆ ಅವರ ಒಂದೊಂದು ಹೆಜ್ಜೆಯೂ ತಿಳಿಯುತ್ತಿತ್ತು. ಅಂಬಿಗ ಮೇಲೆ ನೋಡಿ ಉಗಿಯುತ್ತಿದ್ದ. ಗುತ್ತಿಗೆದಾರ, "ಬೇಡಪ್ಪ, ಜಾರಿಬಿದ್ದಾರು," ಅನ್ನುತ್ತಿದ್ದ.

ನ್ಯಾಯಸ್ಥಾನದಲ್ಲಿ ಜವಾನ ಮೂರು ಸಲ ಕೂಗುತ್ತಿದ್ದ. ನ್ಯಾಯಾಧೀಶರು ಕೇಳುತ್ತಿದ್ದರು:

"ಮುಟ್ಟಿತೇನಪ್ಪ?"

"ಮುಟ್ಟಿಲ್ಲ ಸ್ವಾಮಿ."

"ಪುರಸಭೆಯವರು ಏನಂತೀರಿ?"

"ಮುಟ್ಟಿತು ಅನ್ನಲಿ, ಮುಟ್ಟಿಸುತ್ತೇವೆ."

"ಮುಂದಿನ ಹುಣ್ಣಿಮೆಗೆ."

ಹನ್ನೊಂದು ವರ್ಷ ಇದೇ ಪ್ರಶ್ನೆ, ಇದೇ ಉತ್ತರ. ವಾಯಿದೆ ಮುಗಿದ ಮೇಲೆ ಅವನು ಪಕ್ಕದ ದೇವಸ್ಥಾನಕ್ಕೆ ಹೋಗುತ್ತಿದ್ದ. ಅಲ್ಲಿನ ದೇವರು ನಿಂತ ದೇವರು, ಎರಡಾಳು ಎತ್ತರ. ಗದ್ದ ಎದೆಗಂಟಿದವನಿಗೆ ಕಾಣುತ್ತಿದ್ದದ್ದು ಪಾದ ಮಾತ್ರ. ಹಿಂದೆ ಬೆನ್ನು ನೆಟ್ಟಗಿದ್ದ ದಿನಗಳಲ್ಲಿ ಅವನು ಆ ಮುಖವನ್ನು ದಿನಾ ನೋಡಿದ್ದ. ಹಾಗೆ ದಿನಾ ನೋಡುತ್ತಿದ್ದುದರಿಂದಲೇ ಸರಿಯಾಗಿ ನೋಡಿರಲಿಲ್ಲ. ಈಗ ಕಣ್ಣು ಮುಚ್ಚಿದರೆ ಮುಖ ನೆನಪಿಗೆ ಬರುತ್ತಿರಲಿಲ್ಲ. ಇದೊಂದು ಅವನನ್ನು ಬೆನ್ನಿಗಿಂತ ಹೆಚ್ಚಾಗಿ ನೋಯಿಸಿತು. ಸಾಯುವುದರೊಳಗೆ ಒಮ್ಮೆ ತಲೆ ಎತ್ತಿ ನೋಡಬೇಕು. ಅವನ ಆಸೆ ಅಷ್ಟೇ.

ಅದನ್ನು ಬಲ್ಲವಳು ಅವನ ಹೆಂಡತಿ. ತಟ್ಟೆಯನ್ನು ನೆಲದ ಮೇಲೆ ಇಟ್ಟರೆ ಅವನಿಗೆ ಕಾಣುತ್ತದೆ ಎಂದು ತಾನೂ ನೆಲದ ಮೇಲೆಯೇ, ಇನ್ನೂ ಸ್ವಲ್ಪ ಬಗ್ಗಿ ಕೂತು ಮಾತಾಡುತ್ತಿದ್ದಳು. ಒಂದು ದಿನ ಕೇಳಿಯೇಬಿಟ್ಟಳು: "ಒಂದೇ ಒಂದು ಮಾತಲ್ವಾ? ದೇವರ ಮುಖ ನೋಡೋದಕ್ಕೇ ಅಂದೆ ಅಂದ್ರೆ ದೇವರು ಕ್ಷಮಿಸಲ್ವಾ?"

"ಕ್ಷಮಿಸುತ್ತಾನೆ. ಆದರೆ ಎದುರಿಗೆ ನಿಂತಾಗ ಅವನೇ ಬಗ್ಗಿ ನನ್ನ ಪಾದ ನೋಡುತ್ತಾ ನಿಂತುಬಿಟ್ಟರೆ? ನಾನು ಯಾವ ಮುಖ ನೋಡಲಿ?"

ಅವಳು ತಟ್ಟೆಯನ್ನು ಅವನ ಹತ್ತಿರಕ್ಕೆ ಸರಿಸಿದಳು.

ಇನ್ನೊಮ್ಮೆ ಗಾರೆಯವಳು ಬಂದಳು. ಬಾಗಿಲಲ್ಲೇ ನಿಂತು, "ಅಣ್ಣ, ನಿನ್ನ ನೋಡಕ್ಕಾಗಲ್ಲ. ಅಂದ್ಬಿಡು ಆ ಮಾತ. ನನ್ನ ಪಾಲಿಂದು ನಾನೇ ಹೊತ್ಕತೀನಿ. ಗಾಣ ತಿರುಗ್ಸಿದ ಮೈ ಇದು, ತಡ್ಕತದೆ," ಎಂದಳು.

ಅವನಿಗೆ ಅವಳ ಕಾಲು ಮಾತ್ರ ಕಾಣುತ್ತಿತ್ತು. ಕಡ್ಡಿಯಂಥ ಕಾಲು, ಸುಣ್ಣ ತಿಂದ ಬೆರಳು, ಮಂಡಿಯವರೆಗೂ ಒದ್ದೆ.

"ಇದೇನು ತಾಯಿ, ಕಾಲು ಒದ್ದೆ? ಸಂತೆಯಿಂದ ಬಂದೆಯಾ, ದೇವಸ್ಥಾನದಿಂದ ಬಂದೆಯಾ?"

"ಗುಡಿಯಿಂದ."

"ಸೇತುವೆ ಇಲ್ಲವಾ?"

"ಹೆಂಗ್ ನಡೀಲಿ ಅಣ್ಣ, ನಿನ್ನ ಬೆನ್ನ ಮೇಲೆ?" ಎಂದಳು ಗಾರೆಯವಳು. "ನಮ್ಮೋರು ಒಬ್ಬರೂ ನಡೆಯಲ್ಲ. ಹೊಳೇಲೇ ಇಳೀತೀವಿ."

ಊರಿನಲ್ಲಿ ಎಲ್ಲರ ನಡೆ ಬಲ್ಲವನಿಗೆ ಆ ನಲವತ್ತು ಜನರ ನಡೆ ಮಾತ್ರ ಬೆನ್ನ ಮೇಲೆ ಎಂದೂ ಬಿದ್ದಿರಲಿಲ್ಲ. ಅದು ಅಲ್ಲಿಯವರೆಗೆ ಅವನಿಗೆ ಹೊಳೆದಿರಲಿಲ್ಲ. ಅವನು ನೆಲ ನೋಡುತ್ತಲೇ ಅತ್ತ. ಕಣ್ಣೀರು ನೇರ ನೆಲಕ್ಕೆ ಬಿತ್ತು, ಕೆನ್ನೆಗೆ ತಾಗಲಿಲ್ಲ.

ಹತ್ತನೇ ವರ್ಷ, ಚಳಿಗಾಲದಲ್ಲಿ, ಹಾಗೆ ಹೊಳೆಯಲ್ಲಿ ಇಳಿದು ದಾಟಿದ ಗಾರೆಯವಳಿಗೆ ಜ್ವರ ಬಂತು. ಮೂರೇ ದಿನ. ಮಣ್ಣು ಮಾಡಿದವರು ಜೊತೆಯ ಕಲ್ಲಿನವರೇ. ಮಸಣ ಆಚೆ ದಡದಲ್ಲಿತ್ತು, ಆದರೂ ಹೆಣವನ್ನೂ ಸೇತುವೆಯ ಮೇಲೆ ಒಯ್ಯಲಿಲ್ಲ. ಅಂಬಿಗ ತನ್ನ ಹರಿಗೋಲಿನಲ್ಲಿ ದಾಟಿಸಿದ. ಕೂಲಿ ಕೇಳಲಿಲ್ಲ.

ಮುಂದಿನ ವರ್ಷ ಒಂದು ವಾಯಿದೆಯ ದಿನ ಗುಮಾಸ್ತ ಹೊಸದೊಂದು ಮಾತು ಹುಡುಕಿಕೊಂಡು ಬಂದ. "ಸ್ವಾಮಿ, ಬೆನ್ನು ಬಗ್ಗಿದೆ ಅಂತ ಈತ ಹೇಳ್ತಾನೆ. ವಯಸ್ಸಾದ ಮೇಲೆ ಯಾರ ಬೆನ್ನು ಬಗ್ಗಲ್ಲ? ಅದು ಸೇತುವೆ ಭಾರವೇ ಅನ್ನೋದಕ್ಕೆ ಗುರುತೇನು? ಮುಟ್ಟಿದ್ದೂ ಮುಟ್ಟಿಲ್ಲ ಅಂತಾನೋ ಏನೋ!"

ನ್ಯಾಯಾಧೀಶರು ಕನ್ನಡಕ ತೆಗೆದರು. "ಗುರುತು ಇದೆಯೇನಪ್ಪ?"

ಗುತ್ತಿಗೆದಾರ ಹೇಳಿದ: "ಇದೆ ಸ್ವಾಮಿ. ಆದರೆ ದಾಟುವವರ ನಡೆ ಅವರವರ ಗುಟ್ಟು. ಯಾರು ಯಾವಾಗ ಎಲ್ಲಿಗೆ ಹೋದರು, ಹೋಗುವಾಗ ಹೆಜ್ಜೆ ಹೇಗಿತ್ತು, ಬರುವಾಗ ಹೇಗಿತ್ತು, ಎಲ್ಲ ಈ ಬೆನ್ನಿಗೆ ಗೊತ್ತು. ಗೊತ್ತಾದದ್ದನ್ನು ಹೇಳಬಾರದು ಅಂತ ಇಷ್ಟು ವರ್ಷ ಬಾಯಿ ಮುಚ್ಚಿದ್ದೆ."

ಸಭೆಯಲ್ಲಿ ಕೆಲವರು ಕಾಲು ಒಳಗೆ ಎಳೆದುಕೊಂಡರು.

"ಒಂದೇ ಒಂದು ಹೇಳು. ಯಾರಿಗೂ ನೋವಾಗದಂಥದ್ದು," ಎಂದರು ನ್ಯಾಯಾಧೀಶರು.

ಅವನು ಕಣ್ಣು ಮುಚ್ಚಿದ. "ಈಗ ಒಬ್ಬ ತಾಯಿ ಸೇತುವೆ ಮೇಲಿದ್ದಾರೆ. ಎಡಗಾಲು ಎಳೆದು ಹಾಕುತ್ತಾರೆ. ಈಚೆಗೇ ಬರುತ್ತಿದ್ದಾರೆ. ಮೂರನೇ ಕಣ್ಣಿನ ಮೇಲೆ ನಿಂತರು. ಬಗ್ಗಿ ಕಲ್ಲಿಗೆ ಹಣೆ ಮುಟ್ಟಿಸಿದರು. ಪ್ರತಿ ಸಲವೂ ಹಾಗೇ ಮಾಡುತ್ತಾರೆ, ಯಾಕೋ ತಿಳಿಯದು. ಆ ಒಂದು ಗಳಿಗೆ ಮಾತ್ರ ನನ್ನ ಕುತ್ತಿಗೆ ಹಗುರಾಗುತ್ತದೆ."

ಎಡಗಾಲು ಎಳೆದು ಹಾಕುವ ತಾಯಿ ಆ ಊರಿನಲ್ಲಿ ಒಬ್ಬರೇ. ಅಧ್ಯಕ್ಷರು ಕೂತಲ್ಲೇ ತಲೆ ಎತ್ತಿದರು.

ಜವಾನ ಓಡಿದ. ಹೊಳೆ ಅಲ್ಲಿಂದ ಕಾಣುತ್ತಿರಲಿಲ್ಲ. ಎಲ್ಲರೂ ಬಾಗಿಲ ಕಡೆಯೇ ನೋಡುತ್ತಾ ಕೂತರು. ಸ್ವಲ್ಪ ಹೊತ್ತಿಗೆ ಜವಾನ ಆ ಮುದುಕಿಯ ಕೈ ಹಿಡಿದು ಕರೆತಂದ. ಅವಳ ಹಣೆಯಲ್ಲಿ ಕುಂಕುಮದ ಕೆಳಗೆ ಸೇತುವೆಯ ದೂಳು ಇತ್ತು.

"ಅಲ್ಲಿ ಯಾಕೆ ನಿಂತಿದ್ದಿರಿ ತಾಯಿ?" ಎಂದು ನ್ಯಾಯಾಧೀಶರು ಕೇಳಿದರು.

"ದೇವರಿಗೆ ಹೋಗ್ತಾ ಇದ್ನಪ್ಪ. ಹೊತ್ಕೊಂಡು ದಾಟಿಸ್ತಾನಲ್ಲ, ಅವನಿಗೊಂದು ನಮಸ್ಕಾರ ಹಾಕದೆ ಹೆಂಗ್ ಹೋಗ್ಲಿ?" ಎಂದಳು ಮುದುಕಿ. ಆಮೇಲೆ ಅಲ್ಲೇ ಕೂತಿದ್ದ ಮಗ, ಅಧ್ಯಕ್ಷರನ್ನು ಕಂಡು, "ಓ, ನೀನೂ ಇಲ್ಲೇ ಇದೀಯಾ? ಇವನಿಗೆ ಕೊಟ್ರೇನೋ?" ಎಂದಳು.

ಅಧ್ಯಕ್ಷರು ಪಕ್ಕದವರ ಮುಖ ನೋಡಿದರು. ಪಕ್ಕದಲ್ಲಿ ಗುಮಾಸ್ತನಿದ್ದ, ಅವನು ಪುಸ್ತಕ ನೋಡುತ್ತಿದ್ದ. ಇನ್ನೊಂದು ಪಕ್ಕದಲ್ಲಿ ಯಾರೂ ಇರಲಿಲ್ಲ.

ನ್ಯಾಯಾಧೀಶರು ಕನ್ನಡಕ ಹಾಕಿಕೊಂಡು ಹೇಳಿದರು: "ಮೊದಲು ಕೊಡತಕ್ಕದ್ದು. ಆಮೇಲೆ ಮುಟ್ಟಿತು ಅನ್ನತಕ್ಕದ್ದು. ಇಲ್ಲಿಯವರೆಗೆ ಕಟ್ಟಳೆಯನ್ನು ತಿರುಗಿಸಿ ಓದಿದ್ದೇವೆ, ನಾನೂ ಸೇರಿ." ಹೀಗೆ ಹೇಳಿ ಅವರು ಎದ್ದು ನಿಂತರು. ತೀರ್ಪು ಹೇಳಿ ನ್ಯಾಯಾಧೀಶರು ಎದ್ದು ನಿಂತದ್ದು ಆ ಊರಿನಲ್ಲಿ ಅದೇ ಮೊದಲು.

ಎಂಟನೇ ದಿನ ಬೆಳಿಗ್ಗೆ ಸೇತುವೆಯ ಬಾಯಲ್ಲಿ ಪುರಸಭೆ ಹಣದ ಚೀಲ ತಂದಿಟ್ಟಿತು. ಊರು ನೆರೆಯಿತು. ಗುತ್ತಿಗೆದಾರ ಚೀಲ ಮುಟ್ಟಲಿಲ್ಲ. "ಮೊದಲು ನನ್ನವರು," ಎಂದ. ಕಲ್ಲಿನವರು ಒಬ್ಬೊಬ್ಬರಾಗಿ ಬಂದು ಪಡೆದು "ಮುಟ್ಟಿತು" ಎಂದರು. ಮಣ್ಣಿನವರು, ಗಾರೆಯವರಲ್ಲಿ ಉಳಿದವರು ಬಂದು "ಮುಟ್ಟಿತು" ಎಂದರು. ಒಂದೊಂದು ಮಾತಿಗೂ ಅವನ ಬೆನ್ನು ಒಂದೊಂದು ಬೆರಳಿನಷ್ಟು ಏಳುತ್ತಾ ಬಂತು. ಕೊನೆಗೆ ತನ್ನ ಪಾಲನ್ನು ಎತ್ತಿಕೊಂಡು ಅವನೂ, ಹನ್ನೊಂದು ವರ್ಷ ಆಡದ ಮಾತನ್ನು ಮೆಲ್ಲಗೆ ಆಡಿದ: "ಮುಟ್ಟಿತು."

ಬೆನ್ನು ಎದ್ದಿತು. ಭುಜ ಎದ್ದಿತು. ತಲೆ ಮಾತ್ರ ಏಳಲಿಲ್ಲ. ಒಂದು ಹಿಡಿ ಭಾರ ಕುತ್ತಿಗೆಯ ಮೇಲೆ ಹಾಗೇ ಉಳಿಯಿತು.

ಚೀಲದಲ್ಲಿ ಇನ್ನೂ ಒಬ್ಬಳ ಪಾಲಿತ್ತು.

"ಗಾರೆಯವಳದ್ದು," ಎಂದ ಗುಮಾಸ್ತ. ಅವನ ದನಿಯಲ್ಲಿ ಈಗ ಕೆಡುಕಿರಲಿಲ್ಲ. "ಅವಳಿಗೆ ಯಾರೂ ಇಲ್ಲ. ಅವಳ ಪರವಾಗಿ ನೀವೇ ಅಂದ್ಬಿಡಿ. ಇಷ್ಟಕ್ಕೆ ಯಾರೂ ತಪ್ಪು ಅನ್ನಲ್ಲ."

"ನನ್ನ ಕೈ ಮುಟ್ಟಿದ್ದು ಅವಳ ಕೈ ಮುಟ್ಟಿದ ಹಾಗಾಗುವುದಿಲ್ಲ ಸ್ವಾಮಿ."

ಅವನು ಹೆಂಡತಿಯ ಕಡೆ ತಿರುಗಿದ. ಅವಳಿಗೆ ಹೇಳಬೇಕಾಗಿರಲಿಲ್ಲ, ಆಗಲೇ ಮನೆಗೆ ಹೋಗಿ ಅನ್ನ ಮಾಡಿ ತಂದಿದ್ದಳು. ಅವನು ಅನ್ನವನ್ನು ಉಂಡೆ ಕಟ್ಟಿ, ನಡುವೆ ಒಂದು ಅಚ್ಚು ಬೆಲ್ಲ ಇಟ್ಟು, ಬಾಳೆಲೆಯಲ್ಲಿ ಸೇತುವೆಯ ಕಟ್ಟೆಯ ಮೇಲೆ ಇಟ್ಟ. ಪಕ್ಕದಲ್ಲಿ ಅವಳ ಪಾಲನ್ನು ಇಟ್ಟ. ಸತ್ತವರು ಕಾಗೆಯಾಗಿ ಬಂದು ಮುಟ್ಟಿದರೆ ಮುಟ್ಟಿದಂತೆ. ಅದು ಎಲ್ಲರೂ ನಂಬಿದ ಮಾತು.

ಕಾಗೆಗಳು ಬಂದವು. ಕಟ್ಟೆಯ ಮೇಲೆ ಸಾಲಾಗಿ ಕೂತವು. ಕತ್ತು ಓರೆ ಮಾಡಿ ನೋಡಿದವು. ಮುಟ್ಟಲಿಲ್ಲ.

"ಬಾರವ್ವ," ಎಂದ ಅಂಬಿಗ. "ಬೆಲ್ಲ ಐತೆ. ಈಗ ತಿಂದ್ರೆ ಯಾರೂ ಹೊಳೇಗ್ ಬೀಳ್ಸಲ್ಲ."

ಮುಟ್ಟಲಿಲ್ಲ.

"ತಾಯಿ," ಎಂದ ಗುತ್ತಿಗೆದಾರ, "ನಿನ್ನ ಪಾಲಿನಲ್ಲಿ ಇಲ್ಲೊಂದು ಅರವಟ್ಟಿಗೆ ಇಡಿಸುತ್ತೇನೆ. ದಾಟುವವರಿಗೆಲ್ಲ ಬೇಸಿಗೆಯಲ್ಲಿ ನೀರು, ನೀರಿನ ಜೊತೆ ಬೆಲ್ಲ. ನಿನ್ನ ಹೆಸರಿನಲ್ಲಿ."

ಒಂದು ಕಾಗೆ ಹತ್ತಿರ ಕುಪ್ಪಳಿಸಿತು. ನಿಂತಿತು. ಮುಟ್ಟಲಿಲ್ಲ.

ಬಿಸಿಲು ಏರಿತು. ಎಲೆಯ ಅಂಚು ಬಾಡಿತು. ಜನ ಒಬ್ಬರ ಮುಖ ಒಬ್ಬರು ನೋಡತೊಡಗಿದರು. ಆಗ ಅಧ್ಯಕ್ಷರು ಯಾರ ಮುಖವನ್ನೂ ನೋಡದೆ, ಚಪ್ಪಲಿ ಬಿಟ್ಟು ಮುಂದೆ ಬಂದರು. ಎಲೆಯ ಎದುರು ನಿಂತು, ತಮ್ಮ ತಾಯಿ ಪ್ರತಿ ಸಲ ಮಾಡುತ್ತಿದ್ದ ಹಾಗೆ ಬಗ್ಗಿ ಕಲ್ಲಿಗೆ ಹಣೆ ಮುಟ್ಟಿಸಿದರು.

"ಅಮ್ಮಾ," ಎಂದರು, "ತಡ ಮಾಡಿದ್ದು ಪುರಸಭೆ ಅಲ್ಲ. ನಾನು."

ಅಷ್ಟೇ ಮಾತು. ಅವರು ತಲೆ ಎತ್ತುವುದರೊಳಗೆ, ಸಾಲಿನಲ್ಲಿ ಕೂತಿದ್ದುದಲ್ಲ, ಹೊಳೆಯ ಕಡೆಯಿಂದ ಇನ್ನೊಂದು ಕಾಗೆ ಬಂತು. ತೆಳ್ಳಗಿನದು; ಕಾಲು ಒದ್ದೆ. ನೇರ ಎಲೆಗೆ ಇಳಿದು, ಅನ್ನ ಕೆದರಿ, ಬೆಲ್ಲದ ಚೂರನ್ನು ಕಚ್ಚಿಕೊಂಡಿತು.

"ಮುಟ್ಟಿತು!" ಎಂದ ಅಂಬಿಗ.

"ಮುಟ್ಟಿತು! ಮುಟ್ಟಿತು!" ಎಂದಿತು ಇಡೀ ಊರು, ಎರಡು ದಡದಿಂದಲೂ. ಎಲ್ಲರೂ ಸೇರಿ ಒಬ್ಬಳಿಗೆ ಕೊಟ್ಟು, ಎಲ್ಲರೂ ಸೇರಿ ಆ ಮಾತು ಆಡಿದ್ದು ಅಂದೇ.

ಕಾಗೆ ಬೆಲ್ಲ ಕಚ್ಚಿಕೊಂಡು ಹಾರಲಿಲ್ಲ. ಸೇತುವೆಯ ಕಲ್ಲಿನ ಮೇಲೆ ಇಳಿದು, ಹೆಜ್ಜೆಯ ಮೇಲೆ ಹೆಜ್ಜೆ ಇಡುತ್ತಾ ಈ ತುದಿಯಿಂದ ಆ ತುದಿಗೆ ನಡೆದುಹೋಯಿತು. ಅದರ ಹಿಂದೆ ನಲವತ್ತು ಜನರಲ್ಲಿ ಉಳಿದವರೆಲ್ಲ ನಡೆದರು. ಎಲ್ಲರಿಗಿಂತ ಹಿಂದೆ, ಹೆಂಡತಿಯ ಕೈ ಹಿಡಿದು, ಗುತ್ತಿಗೆದಾರ ನಡೆದ. ಕಾಲ ಕೆಳಗೆ ಕಲ್ಲು ಕಲ್ಲಾಗಿಯೇ ಇತ್ತು. ಬೆನ್ನಿಗೆ ಏನೂ ತಿಳಿಯಲಿಲ್ಲ. ಮೂರನೇ ಕಣ್ಣಿನ ಮೇಲೆ ನಿಂತು ಕೆಳಗೆ ನೋಡಿದ. ಅಂಬಿಗ ಖಾಲಿ ಹರಿಗೋಲಿಗೆ ಹುಟ್ಟು ಹಾಕುತ್ತಾ, "ನನ್ನ ಕೊನೇ ಗಿರಾಕೀನೂ ಹೋದ!" ಎಂದು ಕೂಗಿ ನಗುತ್ತಿದ್ದ.

"ಅರವಟ್ಟಿಗೆಗೆ ಒಬ್ಬ ಬೇಕು," ಎಂದು ಇವನು ಮೇಲಿನಿಂದ ಕೂಗಿದ. "ಬರ್ತೀಯಾ?"

"ಕೂಲಿ ಮೊದ್ಲೋ, ಮುಟ್ಟಿತು ಮೊದ್ಲೋ?"

"ಕೂಲಿ ಮೊದಲು!"

ದೇವಸ್ಥಾನದಲ್ಲಿ ಅರ್ಚಕರು ದೀಪ ಹಿಡಿದು ಕಾದಿದ್ದರು. ಸುದ್ದಿ ಆಗಲೇ ದಾಟಿ ಬಂದಿತ್ತು. ಅವರು ಆರತಿಯನ್ನು ದೇವರ ಮುಖದ ಎತ್ತರಕ್ಕೆ ಹಿಡಿದು, "ಬಾಪ್ಪ. ಇನ್ನು ತಲೆ ಎತ್ತಿ ನೋಡು," ಎಂದರು.

ಅವನು ತಲೆ ಎತ್ತಬಹುದಾಗಿತ್ತು. ಕುತ್ತಿಗೆ ಹಗುರಾಗಿತ್ತು. ಆದರೂ ಅವನು ಬಗ್ಗಿಯೇ ನಿಂತ.

"ನೋಡುತ್ತೇನೆ ಸ್ವಾಮಿ. ಮೊದಲು ಪಾದ," ಎಂದ. "ಇಷ್ಟು ವರ್ಷ ನನ್ನ ಜೊತೆ ಇದ್ದದ್ದು ಇದು."

ಅರ್ಚಕರು ದೀಪವನ್ನು ಕೆಳಗೆ ತಂದು ಪಾದಕ್ಕೆ ಬೆಳಗಿದರು. ಅವನು ಕಣ್ಣು ತುಂಬ ನೋಡಿದ. ಆಮೇಲೆ, ದೀಪ ಏರಿದ ಹಾಗೆ, ದೀಪದ ಜೊತೆಗೇ ಮೆಲ್ಲಗೆ ತಲೆ ಎತ್ತಿದ.

ಆ ಊರಿನಲ್ಲಿ ಇಂದಿಗೂ ಆರತಿ ಪಾದದಿಂದಲೇ ಏರುತ್ತದೆ.